ಒಂದು ಮತಕ್ಷೇತ್ರದ ಚರಿತ್ರೆ: ಗೋಧಿಯ ನಾಡಿನ ವೇಬರ್ನ್



ಊರು ಇದ್ದಲ್ಲೇ ಇರುತ್ತದೆ. ಕೆರೆ, ಗುಡಿ, ಸಂತೆಮಾಳ, ಹೊಲದ ಬದು ಇವೆಲ್ಲ ಇದ್ದಲ್ಲೇ ಇರುತ್ತವೆ. ಆದರೆ ಮತಕ್ಷೇತ್ರವೆಂಬುದು ಹಾಗಲ್ಲ. ಅದು ಕಾಗದದ ಮೇಲೆ ಗೆರೆ ಎಳೆದಾಗ ಹುಟ್ಟುತ್ತದೆ, ಗೆರೆ ಅಳಿಸಿದಾಗ ಇಲ್ಲವಾಗುತ್ತದೆ. ನಮ್ಮ ರಾಜ್ಯದಲ್ಲಿಯೂ 2008ರ ವಿಧಾನಸಭೆಯ ಚುನಾವಣೆಯ ಹೊತ್ತಿಗೆ ಕ್ಷೇತ್ರಗಳ ಎಲ್ಲೆಯನ್ನು ಹೊಸದಾಗಿ ಹಾಕಿದಾಗ ಬನ್ನೂರು, ಕಿರುಗಾವಲು, ಸಂತೇಮರಹಳ್ಳಿ ಮೊದಲಾದ ಹಳೆಯ ಕ್ಷೇತ್ರಗಳು ಇಲ್ಲವಾದುದನ್ನು ನಿಮ್ಮಲ್ಲಿ ಹಲವರು ಬಲ್ಲಿರಿ. ಇವುಗಳಲ್ಲಿ ಸಂತೇಮರಹಳ್ಳಿಯು 2004ರಲ್ಲಿ ಒಂದೇ ಒಂದು ಮತದ ಅಂತರದಿಂದ ತನ್ನ ಶಾಸಕರನ್ನು ಆರಿಸಿದ ಕ್ಷೇತ್ರ. ನಾಲ್ಕು ವರ್ಷದ ಬಳಿಕ ಆ ಕ್ಷೇತ್ರವೇ ಪಟ್ಟಿಯಲ್ಲಿ ಇರಲಿಲ್ಲ.

ಇಲ್ಲವಾದ ಕ್ಷೇತ್ರದ ಚರಿತ್ರೆಯನ್ನು ಓದಿ ಏನು ಪ್ರಯೋಜನವೆಂದು ನೀವು ಕೇಳಬಹುದು. ಕೆನಡ ದೇಶದ ವೇಬರ್ನ್ ಎಂಬ ಕ್ಷೇತ್ರದ ಸಂಗತಿಯನ್ನು ಇಲ್ಲಿ ಹೇಳುತ್ತೇವೆ. ಅಲ್ಲಿಯ ಮತದಾರರು ಬಹುಪಾಲು ನಿಮ್ಮಂತೆಯೇ ಒಕ್ಕಲಿಗರು. ಅವರು ಹಾಕಿದ ಮತದಿಂದ ಏನಾಯಿತು, ಏನಾಗಲಿಲ್ಲ, ಕೊನೆಗೆ ಆ ಕ್ಷೇತ್ರ ಏಕೆ ಅಳಿಯಿತು ಎಂಬುದನ್ನು ಓದಿ ನೀವೇ ತೀರ್ಮಾನಿಸಿರಿ.

ನಾಡು ಮತ್ತು ನೆಲ

ಕೆನಡದ ನಡುಭಾಗದಲ್ಲಿ ಸಸ್ಕಾಚೆವನ್ ಎಂಬ ಪ್ರಾಂತವಿದೆ. ನಮ್ಮಲ್ಲಿ ರಾಜ್ಯವೆನ್ನುವುದನ್ನು ಅಲ್ಲಿ ಪ್ರಾಂತವೆನ್ನುತ್ತಾರೆ. ವಿಸ್ತಾರದಲ್ಲಿ ಅದು ನಮ್ಮ ಕರ್ನಾಟಕದ ಮೂರು ಪಾಲಿಗಿಂತ ದೊಡ್ಡದು. ಜನಸಂಖ್ಯೆಯಾದರೋ 2021ರ ಗಣತಿಯಂತೆ ಸುಮಾರು 11 ಲಕ್ಷ ಮಾತ್ರ. ದಕ್ಷಿಣಾರ್ಧವೆಲ್ಲ ಕಣ್ಣು ಹಾಯುವವರೆಗೂ ಮಟ್ಟಸವಾದ ಬಯಲು. ಚಳಿಗಾಲದಲ್ಲಿ ನೆಲ ಕಲ್ಲಿನಂತೆ ಹೆಪ್ಪುಗಟ್ಟುತ್ತದೆ. ಮೇ ತಿಂಗಳಲ್ಲಿ ಬಿತ್ತಿ, ಮತ್ತೆ ಹಿಮ ಬೀಳುವುದರೊಳಗೆ ಕೊಯ್ದು ಮುಗಿಸಬೇಕು. ವರ್ಷಕ್ಕೆ ಒಂದೇ ಬೆಳೆ, ಮುಖ್ಯವಾಗಿ ಗೋಧಿ. ಆ ಒಂದು ಬೆಳೆ ಕೈಕೊಟ್ಟರೆ ಎರಡನೆಯದೆಂಬುದಿಲ್ಲ.

ಪ್ರಾಂತದ ರಾಜಧಾನಿ ರೆಜೈನಾ. ಅಲ್ಲಿಂದ ಆಗ್ನೇಯಕ್ಕೆ ಸುಮಾರು 110 ಕಿಲೋಮೀಟರ್ ದೂರದಲ್ಲಿ, ಸೂರಿಸ್ ಎಂಬ ಹೊಳೆಯ ದಂಡೆಯಲ್ಲಿ ವೇಬರ್ನ್ ಊರಿದೆ. 1890ರ ದಶಕದ ಮೊದಲ ವರ್ಷಗಳಲ್ಲಿ ರೈಲುದಾರಿ ಬಂದಿತು. ಅದರ ಹಿಂದೆಯೇ ಒಕ್ಕಲುಗಳು ಬಂದವು. ಕೆನಡ ಸರ್ಕಾರದ 1872ರ ಭೂಕಾನೂನಿನ ಪ್ರಕಾರ 10 ಡಾಲರ್ ಶುಲ್ಕ ಕಟ್ಟಿದವನಿಗೆ 160 ಎಕರೆ ನೆಲ ಸಿಗುತ್ತಿತ್ತು. ಗೊತ್ತಾದ ವರ್ಷಗಳೊಳಗೆ ಅಲ್ಲಿ ಮನೆ ಕಟ್ಟಿ, ಗೊತ್ತಾದಷ್ಟು ನೆಲ ಒಡೆದು ಉತ್ತರೆ ಅದು ಅವನದಾಗುತ್ತಿತ್ತು. ಬ್ರಿಟನ್ನು, ಯುರೋಪಿನ ನಾನಾ ದೇಶಗಳು, ಅಮೆರಿಕದ ಸಂಯುಕ್ತ ಸಂಸ್ಥಾನ, ಪೂರ್ವ ಕೆನಡ ಎಲ್ಲ ಕಡೆಯಿಂದಲೂ ಜನ ಹೀಗೆ ಬಂದು ನೆಲೆಸಿದರು.

ಆ ನೆಲ ಬರಿದಾಗಿ ಬಿದ್ದಿತ್ತೆಂದು ಭಾವಿಸಬೇಡಿ. ಕಾಡೆಮ್ಮೆಗಳನ್ನು ಬೇಟೆಯಾಡುತ್ತ ತಲೆತಲಾಂತರದಿಂದ ಬಾಳಿದ್ದ ಮೂಲನಿವಾಸಿಗಳು ಅಲ್ಲಿದ್ದರು. 1874ರಲ್ಲಿ ನಾಲ್ಕನೆಯ ಒಪ್ಪಂದವೆಂಬ ಕರಾರಿನ ಮೂಲಕ ಅವರನ್ನು ಸಣ್ಣ ಮೀಸಲು ನೆಲಗಳಿಗೆ ಸರಿಸಲಾಯಿತು. ಇವರ ಮತದ ವಿಷಯವನ್ನು ಮುಂದೆ ಹೇಳುತ್ತೇವೆ.

ವೇಬರ್ನ್ 1900ರಲ್ಲಿ ಹಳ್ಳಿಯೆಂದೂ 1903ರಲ್ಲಿ ಪಟ್ಟಣವೆಂದೂ 1913ರಲ್ಲಿ ನಗರವೆಂದೂ ದಾಖಲಾಯಿತು. ಹದಿಮೂರು ವರ್ಷದಲ್ಲಿ ಹಳ್ಳಿ ನಗರವಾಯಿತೆಂದರೆ ಆಗಿನ ಗೋಧಿಯ ಬಲ ಎಷ್ಟೆಂದು ಊಹಿಸಿಕೊಳ್ಳಿ. ನಗರವೆಂದರೆ ನಮ್ಮ ಲೆಕ್ಕದ ನಗರವಲ್ಲ. ಇಂದಿಗೂ ಅಲ್ಲಿ ಸುಮಾರು 11,000 ಜನರಿದ್ದಾರೆ, ನಮ್ಮಲ್ಲಿ ದೊಡ್ಡ ಹೋಬಳಿ ಕೇಂದ್ರದಷ್ಟು.

ಕ್ಷೇತ್ರ ಹುಟ್ಟಿದ್ದು

ಸಸ್ಕಾಚೆವನ್ ಪ್ರಾಂತವಾದದ್ದು 1905ರ ಸೆಪ್ಟೆಂಬರ್ 1ರಂದು. ಅದರ ಎರಡನೆಯ ಸಾರ್ವತ್ರಿಕ ಚುನಾವಣೆ 1908ರಲ್ಲಿ ನಡೆಯಿತು. ಜನ ಬೆಳೆದಂತೆಲ್ಲ ಕ್ಷೇತ್ರಗಳನ್ನು ಹೆಚ್ಚಿಸುತ್ತಿದ್ದ ಕಾಲ ಅದು. ಆ ಚುನಾವಣೆಗೆಂದು ವೇಬರ್ನ್ ಹೆಸರಿನ ಶಾಸನಸಭಾ ಕ್ಷೇತ್ರವನ್ನು ರಚಿಸಿದರು. ಊರೂ ಸುತ್ತಲಿನ ಒಕ್ಕಲು ಪ್ರದೇಶವೂ ಸೇರಿ ಒಂದು ಕ್ಷೇತ್ರ, ಅದಕ್ಕೊಬ್ಬ ಶಾಸಕ. ಮೊದಲ ಶಾಸಕರು ರಾಬರ್ಟ್ ಮೆಂಜೀಸ್ ಮಿಚೆಲ್ ಎಂಬ ಲಿಬರಲ್ ಪಕ್ಷದ ಡಾಕ್ಟರು. ಇವರು 1919ರವರೆಗೆ ಸಭೆಯಲ್ಲಿದ್ದರು, ಕಡೆಯ ಎರಡು ವರ್ಷ ಸಭಾಧ್ಯಕ್ಷರೂ ಆಗಿದ್ದರು. 1921ರಲ್ಲಿ ವೇಬರ್ನ್‌ನಲ್ಲಿ ಸರ್ಕಾರದ ದೊಡ್ಡ ಮಾನಸಿಕ ಆಸ್ಪತ್ರೆ ತೆರೆದಾಗ ಅದರ ಮೇಲ್ವಿಚಾರಣೆ ಇವರಿಗೇ ಬಂದಿತು. ವೈದ್ಯಕೀಯಕ್ಕೂ ಈ ಕ್ಷೇತ್ರಕ್ಕೂ ಮೊದಲಿನಿಂದಲೇ ಏನೋ ನಂಟು.

ಹೆಂಗಸರಿಗೆ ಈ ಪ್ರಾಂತದಲ್ಲಿ ಮತದ ಹಕ್ಕು ಬಂದದ್ದು 1916ರಲ್ಲಿ. ಅದಕ್ಕಾಗಿ ಹಳ್ಳಿಹಳ್ಳಿಯ ಹೆಂಗಸರು ಅರ್ಜಿಗಳಿಗೆ ಸಹಿ ಕೂಡಿಸಿದ್ದರು. ಒಕ್ಕಲಿಗರು ಆಗಲೇ ಸಂಘಟಿತರಾಗಿದ್ದರು. 1901ರಲ್ಲಿ ಇಂಡಿಯನ್ ಹೆಡ್ ಎಂಬ ಊರಿನಲ್ಲಿ ಧಾನ್ಯ ಬೆಳೆಗಾರರ ಸಂಘ ಕಟ್ಟಿದರು. ಕಾಳು ತುಂಬಲು ರೈಲು ಡಬ್ಬಿಗಳನ್ನು ರೈಲ್ವೆಯವರು ಸರತಿಯಂತೆ ಕೊಡದೆ ಉಗ್ರಾಣದ ಒಡೆಯರಿಗೆ ಮೊದಲು ಕೊಡುತ್ತಿದ್ದರು. ಇದಕ್ಕಾಗಿ ಸಂಘದವರು 1902ರಲ್ಲಿ ರೈಲ್ವೆಯ ಅಧಿಕಾರಿಯ ಮೇಲೆ ಮೊಕದ್ದಮೆ ಹಾಕಿ ಗೆದ್ದರು. 1920ರ ದಶಕದಲ್ಲಿ ಗೋಧಿ ಮಾರಾಟದ ಸಹಕಾರ ಸಂಘ ನಿಂತಿತು. ಮುಂದೆ ನಡೆದುದೆಲ್ಲ ಒಬ್ಬ ಮುಖಂಡನಿಂದಲೇ ಆಯಿತೆಂದು ಕೆಲವರು ಬರೆಯುತ್ತಾರೆ. ನಮಗೆ ಹಾಗೆ ಕಾಣುವುದಿಲ್ಲ. ಹೊಲ ಹಸನಾಗಿತ್ತು, ಆದಕಾರಣ ಬೀಜ ಮೊಳೆಯಿತು.

ಧೂಳಿನ ವರ್ಷಗಳು

1929ರಲ್ಲಿ ಲೋಕವ್ಯಾಪಾರ ಕುಸಿಯಿತು. ಗೋಧಿಯ ಧಾರಣೆ ಬಿದ್ದಿತು. 27 ಕಿಲೋಗ್ರಾಂ ತೂಗುವ ಒಂದು ಬುಷೆಲ್ ಗೋಧಿಗೆ 1932ರ ಕೊನೆಯಲ್ಲಿ ದೊಡ್ಡ ಮಾರುಕಟ್ಟೆಯಲ್ಲೇ 40 ಸೆಂಟು ಸಿಗುತ್ತಿರಲಿಲ್ಲ. ಅದರಲ್ಲಿ ರೈಲು ಬಾಡಿಗೆ ಕಳೆದರೆ ಹೊಲದವನಿಗೆ ಉಳಿಯುವುದೆಷ್ಟು? ಇದರ ಮೇಲೆ ಮಳೆಯೂ ಕೈಬಿಟ್ಟಿತು. ಹುಲ್ಲಿನ ಬೇರು ಹಿಡಿದಿಟ್ಟಿದ್ದ ಮೇಲ್ಮಣ್ಣನ್ನು ಉತ್ತು ಸಡಿಲ ಮಾಡಿದ್ದರಲ್ಲ, ಬರಗಾಲದ ಗಾಳಿಗೆ ಆ ಮಣ್ಣು ಎದ್ದು ಹಾರಿತು. ಹಗಲಿನಲ್ಲೇ ದೀಪ ಹಚ್ಚಬೇಕಾಯಿತು. ಬೇಲಿಗಳು ಮಣ್ಣಿನಲ್ಲಿ ಹೂತವು. 1937ರಲ್ಲಂತೂ ಇಡೀ ಪ್ರಾಂತದ ಗೋಧಿಯ ಸರಾಸರಿ ಇಳುವರಿ ಎಕರೆಗೆ ಮೂರು ಬುಷೆಲ್ಲನ್ನೂ ಮುಟ್ಟಲಿಲ್ಲ, ಎಂದರೆ ಒಂದು ಎಕರೆಗೆ ಮುಕ್ಕಾಲು ಕ್ವಿಂಟಾಲಿನಷ್ಟು. ಬಿತ್ತನೆಯ ಬೀಜ ಕಳೆದರೆ ಮನೆಗೆ ಬಂದದ್ದು ಶೂನ್ಯವೇ ಸರಿ. ದಕ್ಷಿಣದ ಬಯಲಿನಲ್ಲಿದ್ದ ವೇಬರ್ನ್ ಸೀಮೆಯು ಈ ಹೊಡೆತದ ನಟ್ಟನಡುವೆ ಇತ್ತು.

ದನಗಳಿಗೆ ಹುಲ್ಲಿಲ್ಲದೆ ಮುಳ್ಳುಕಳೆಯನ್ನು ಎಳೆಯದಿರುವಾಗಲೇ ಕೊಯ್ದು ಬಣವೆ ಒಟ್ಟಿದರು. ಮೋಟಾರು ಕಾರು ಇದ್ದವರು ಪೆಟ್ರೋಲಿಗೆ ದುಡ್ಡಿಲ್ಲದೆ ಎಂಜಿನ್ ತೆಗೆದು ಕುದುರೆ ಕಟ್ಟಿ ಗಾಡಿಯಂತೆ ಓಡಿಸಿದರು. ಆಗಿನ ಪ್ರಧಾನಮಂತ್ರಿಯ ಹೆಸರು ಬೆನೆಟ್. ಜನ ಆ ವಾಹನಕ್ಕೆ ಬೆನೆಟ್ ಬಂಡಿ ಎಂದೇ ಹೆಸರಿಟ್ಟರು. ಪೂರ್ವ ಕರಾವಳಿಯಿಂದ ಪರಿಹಾರವೆಂದು ಉಪ್ಪುಮೀನು ಬಂದಿತು. ಕಡಲನ್ನೇ ಕಾಣದ ಬಯಲುಸೀಮೆಯವರಿಗೆ ಅದನ್ನು ನೆನೆಸಿ ಬೇಯಿಸುವ ಬಗೆ ಗೊತ್ತಿರಲಿಲ್ಲ.

ಇಂಥ ದಿನಗಳಲ್ಲಿ ಮನೆಯಲ್ಲಿ ಕಾಯಿಲೆ ಬಂದರೆ ಗತಿಯೇನು? ಡಾಕ್ಟರಿಗೆ ಕೊಡಲು ಹಣವಿಲ್ಲ. ರೋಗಿಗಳು ಹಣ ಕೊಡದೆ ಡಾಕ್ಟರು ಹಳ್ಳಿಯಲ್ಲಿ ನಿಲ್ಲಲಾರರು. ಇದಕ್ಕೆ ಒಕ್ಕಲಿಗರೇ ಒಂದು ಉಪಾಯವನ್ನು ಹಿಂದೆಯೇ ಕಂಡುಕೊಂಡಿದ್ದರು. 1915ರಲ್ಲಿ ಸಾರ್ನಿಯ ಎಂಬ ಗ್ರಾಮಾಂತರ ಪುರಸಭೆ, ನಮ್ಮ ಪಂಚಾಯಿತಿಯಂಥದು ಎನ್ನಿ, ತನ್ನ ಡಾಕ್ಟರು ಊರು ಬಿಡುವಂತಾದಾಗ ಕಂದಾಯದ ಹಣದಿಂದ ಅವರಿಗೆ ವರ್ಷಕ್ಕೆ 1,500 ಡಾಲರ್ ಕೊಟ್ಟು ನಿಲ್ಲಿಸಿಕೊಂಡಿತು. ಅದು ಕಾನೂನಿನಲ್ಲಿ ಇರಲಿಲ್ಲ. ಮರುವರ್ಷ ಪ್ರಾಂತದ ಸರ್ಕಾರ ಕಾನೂನನ್ನೇ ತಿದ್ದಿ ಒಪ್ಪಿಗೆ ಕೊಟ್ಟಿತು. ಕಾಯಿಲೆ ಬಿದ್ದವನೊಬ್ಬನೇ ಹೊರುವ ಬದಲು ಊರೆಲ್ಲ ಸೇರಿ ಮೊದಲೇ ವಂತಿಗೆ ಹಾಕಿ ಡಾಕ್ಟರನ್ನು ಸಾಕುವುದು ಎಂಬ ಈ ಪದ್ಧತಿ ಒಂದೊಂದಾಗಿ ಹಲವು ಪುರಸಭೆಗಳಿಗೆ ಹಬ್ಬಿತು. ಇದನ್ನು ಯಾವ ಪಂಡಿತರೂ ಹೇಳಿಕೊಡಲಿಲ್ಲ ಎಂಬುದನ್ನು ಗಮನಿಸಿರಿ.

ಪಾದ್ರಿ ಡಗ್ಲಸ್ ಬಂದದ್ದು

1930ರಲ್ಲಿ ವೇಬರ್ನ್‌ನ ಒಂದು ಸಣ್ಣ ಬ್ಯಾಪ್ಟಿಸ್ಟ್ ಚರ್ಚಿಗೆ ಟಾಮಿ ಡಗ್ಲಸ್ ಎಂಬ ತರುಣ ಪಾದ್ರಿ ಬಂದರು. ಇವರು 1904ರಲ್ಲಿ ಸ್ಕಾಟ್ಲೆಂಡಿನಲ್ಲಿ ಹುಟ್ಟಿದವರು. ತಂದೆ ಕಬ್ಬಿಣ ಎರಕದ ಕೆಲಸಗಾರ. ಹುಡುಗನಾಗಿದ್ದಾಗ ಕಾಲಿನ ಮೂಳೆಗೆ ಕೀವು ತುಂಬುವ ರೋಗ ಬಂದು, ವಿನಿಪೆಗ್ ನಗರದ ಆಸ್ಪತ್ರೆಯಲ್ಲಿ ಕಾಲು ತೆಗೆಯಬೇಕೆಂಬ ಮಾತು ಬಂದಿತ್ತು. ಅಲ್ಲಿಗೆ ಬಂದ ಒಬ್ಬ ದೊಡ್ಡ ಶಸ್ತ್ರವೈದ್ಯರು, ವಿದ್ಯಾರ್ಥಿಗಳಿಗೆ ಪಾಠವಾಗಲೆಂದು ಹಣವಿಲ್ಲದೆ ಶಸ್ತ್ರಕ್ರಿಯೆ ಮಾಡಿ ಕಾಲು ಉಳಿಸಿದರು. ಹಣವಂತರ ಮಗನಾಗಿದ್ದರೆ ಈ ಅದೃಷ್ಟಕ್ಕೆ ಕಾಯಬೇಕಾಗಿರಲಿಲ್ಲ ಎಂಬ ಯೋಚನೆ ಡಗ್ಲಸರ ಮನಸ್ಸಿನಿಂದ ಹೋಗಲೇ ಇಲ್ಲ.

ಒಕ್ಕಲಿಗರ ಕಷ್ಟವನ್ನು ಕಣ್ಣಾರೆ ಕಂಡ ಡಗ್ಲಸರು 1934ರಲ್ಲಿ ವೇಬರ್ನ್ ಶಾಸನಸಭಾ ಕ್ಷೇತ್ರಕ್ಕೆ ರೈತ ಕಾರ್ಮಿಕ ಪಕ್ಷದಿಂದ ನಿಂತರು. ಸೋತರು. ಗೆದ್ದವರು ಲಿಬರಲ್ ಪಕ್ಷದ ಹ್ಯೂ ಈಗಲ್‌ಶಾಮ್. ಮರುವರ್ಷ ಕೇಂದ್ರದ ಪಾರ್ಲಿಮೆಂಟಿಗೆ ನಿಂತರು. ಅದೇ ಊರಿನ ಹೆಸರಿನ ಪಾರ್ಲಿಮೆಂಟ್ ಕ್ಷೇತ್ರವೂ ಇತ್ತು, ಎರಡನ್ನೂ ಬೆರಸಿಕೊಳ್ಳಬೇಡಿ. ಅಲ್ಲಿ ಕೆಲವೇ ನೂರು ಮತಗಳಿಂದ ಗೆದ್ದು ಒಂಬತ್ತು ವರ್ಷ ಆಟವಾದಲ್ಲಿ ಕುಳಿತರು.

ಇವರ ಭಾಷಣಗಳು ಒಕ್ಕಲಿಗರಿಗೆ ಹಿಡಿಸಿದ್ದೇಕೆಂದರೆ ಮಾತೆಲ್ಲ ಕೊಟ್ಟಿಗೆ ಕಣದ್ದೇ. ಹಾಲಿನಿಂದ ಕೆನೆ ತೆಗೆಯುವ ಕೈಯಂತ್ರ ಆಗ ಮನೆಮನೆಯಲ್ಲೂ ಇತ್ತು. ಡಗ್ಲಸರು ಅದನ್ನೇ ಉದಾಹರಣೆ ಮಾಡುತ್ತಿದ್ದರು: ಹಾಲು ಸುರಿಯುವವನು ಒಕ್ಕಲಿಗ, ಹಿಡಿ ತಿರುಗಿಸುವವನು ಕೂಲಿಗಾರ, ಕೆನೆ ಬೀಳುವ ಕೊಳವೆಗೆ ಬಾಯಿಟ್ಟು ಕುಳಿತವನು ಮಾತ್ರ ಬೇರೊಬ್ಬ. ಇಲಿಗಳ ರಾಜ್ಯದ ಕಥೆಯನ್ನೂ ಹೇಳುತ್ತಿದ್ದರು. ಇಲಿಗಳು ಚುನಾವಣೆ ಮಾಡಿ ಕಪ್ಪು ಬೆಕ್ಕುಗಳನ್ನು ಆರಿಸುತ್ತವೆ. ಕಾಟ ತಾಳದೆ ಮುಂದಿನ ಸಲ ಬಿಳಿ ಬೆಕ್ಕುಗಳನ್ನು ಆರಿಸುತ್ತವೆ. ಇಲಿಗಳನ್ನೇ ಆರಿಸೋಣವೆಂದ ಇಲಿಯನ್ನು ಸೆರೆಗೆ ಹಾಕುತ್ತವೆ. ಇದು ಡಗ್ಲಸರ ಸ್ವಂತ ಕಥೆಯಲ್ಲ, ಗಿಲ್ಲಿಸ್ ಎಂಬ ಅವರ ಜೊತೆಗಾರರಿಂದ ಬಂದದ್ದು. ಒಮ್ಮೆ ಒಂದು ಹೊಲದಲ್ಲಿ ವೇದಿಕೆಯಿಲ್ಲದೆ ಗೊಬ್ಬರ ಹರಡುವ ಗಾಡಿಯ ಮೇಲೆ ಹತ್ತಿ ನಿಂತು, ಎದುರು ಪಕ್ಷದ ವೇದಿಕೆಯಿಂದ ಮಾತಾಡುತ್ತಿರುವುದು ಇದೇ ಮೊದಲೆಂದು ನಗಿಸಿದರೆಂದೂ ಹೇಳುತ್ತಾರೆ.

1944ರ ಜೂನ್ 15ರಂದು ಪ್ರಾಂತದ ಚುನಾವಣೆ. ಡಗ್ಲಸರು ಪಾರ್ಲಿಮೆಂಟನ್ನು ಬಿಟ್ಟು ಮತ್ತೆ ವೇಬರ್ನ್ ಶಾಸನಸಭಾ ಕ್ಷೇತ್ರಕ್ಕೆ ನಿಂತು ಈ ಸಲ ಗೆದ್ದರು. ಅವರ ಪಕ್ಷಕ್ಕೆ 52ರಲ್ಲಿ 47 ಸ್ಥಾನ ಬಂದವು. ಅದರ ಹೆಸರು ಸಹಕಾರಿ ಕಾಮನ್‌ವೆಲ್ತ್ ಒಕ್ಕೂಟ; ಸಮಾಜವಾದಿ ಪಕ್ಷ. ಉತ್ತರ ಅಮೆರಿಕದಲ್ಲಿ ಅಂಥ ಪಕ್ಷ ಒಂದು ಸರ್ಕಾರ ರಚಿಸಿದ್ದು ಅದೇ ಮೊದಲು. ವೇಬರ್ನ್‌ನ ಶಾಸಕರು ಪ್ರಾಂತದ ಪ್ರಧಾನರಾದರು, ನಮ್ಮ ಮಾತಿನಲ್ಲಿ ಮುಖ್ಯಮಂತ್ರಿ. ಮುಂದೆ 17 ವರ್ಷ ಅವರೇ ಆ ಸ್ಥಾನದಲ್ಲಿದ್ದರು.

ಮತದಿಂದ ಬಂದದ್ದು

ಮೊದಲ ವರ್ಷಗಳಲ್ಲಿಯೇ ಬಹಳ ಕಾನೂನುಗಳು ಆದವು. ಬೆಳೆ ಹೋದ ವರ್ಷ ಸಾಲಗಾರನು ಒಕ್ಕಲಿಗನ ಹೊಲಮನೆ ಕಿತ್ತುಕೊಳ್ಳದಂತೆ ತಡೆಯುವ ಕಾನೂನನ್ನು 1944ರಲ್ಲಿ ಮಾಡಿದರು. ಅದರ ಕೆಲವು ಭಾಗಗಳನ್ನು ನ್ಯಾಯಾಲಯಗಳು ಆಮೇಲೆ ತಳ್ಳಿಹಾಕಿದವು. ಒಂದೊಂದೇ ಕೊಠಡಿಯ ಸಾವಿರಾರು ಶಾಲೆಗಳನ್ನು ದೊಡ್ಡ ಘಟಕಗಳಾಗಿ ಕೂಡಿಸಿದರು. ಮತದ ವಯಸ್ಸನ್ನು 18ಕ್ಕೆ ಇಳಿಸಿದರು. ನಮ್ಮ ದೇಶದಲ್ಲಿ ಅದು ಆದದ್ದು 1989ರಲ್ಲಿ. 1946ರಲ್ಲಿ ವಿಮಾನದ ಆಂಬುಲೆನ್ಸ್ ಹಾರಿತು. ಹಿಮ ಮುಚ್ಚಿದ ದೂರದ ಒಕ್ಕಲುಮನೆಯಿಂದ ರೋಗಿಯನ್ನು ಎತ್ತಿತರಲು ಬೇರೆ ದಾರಿಯಿರಲಿಲ್ಲ. 1949ರಲ್ಲಿ ಗ್ರಾಮಾಂತರ ವಿದ್ಯುತ್ ಕಾನೂನು ಬಂದು, ಮುಂದಿನ ಹತ್ತು ವರ್ಷಗಳಲ್ಲಿ ಹತ್ತಾರು ಸಾವಿರ ಒಕ್ಕಲುಮನೆಗಳಲ್ಲಿ ದೀಪ ಹತ್ತಿತು.

ಮೂಲನಿವಾಸಿಗಳ ಮಾತು ಇಲ್ಲಿ ಬರಬೇಕು. ಸರ್ಕಾರದ ಪಟ್ಟಿಯಲ್ಲಿದ್ದ ಮೂಲನಿವಾಸಿಗಳಿಗೆ ಪ್ರಾಂತದ ಚುನಾವಣೆಯಲ್ಲಿ ಮತದ ಹಕ್ಕು ಸಿಕ್ಕಿದ್ದು 1960ರಲ್ಲಿ. ಡಗ್ಲಸರೇ ಅದನ್ನು ತಂದರು, ನಿಜ. ಆದರೆ ಪ್ರಾಂತ ಹುಟ್ಟಿ ಆಗ 55 ವರ್ಷ ಕಳೆದಿತ್ತು.

ಎಲ್ಲಕ್ಕಿಂತ ದೊಡ್ಡ ಕೆಲಸ ಔಷಧೋಪಚಾರದ್ದು. ಇದು ಒಂದೇ ಏಟಿಗೆ ಆಗಲಿಲ್ಲ, ಮೆಟ್ಟಿಲು ಮೆಟ್ಟಿಲಾಗಿ ಆಯಿತು. ಹಣವೆಷ್ಟಿದೆಯೋ ಅಷ್ಟೇ ಹೆಜ್ಜೆ. 1946ರ ಜುಲೈನಲ್ಲಿ ಸ್ವಿಫ್ಟ್ ಕರೆಂಟ್ ಎಂಬ ಪ್ರದೇಶದ ಸುಮಾರು 50,000 ಜನ ತಾವೇ ಮತ ಹಾಕಿ ಒಪ್ಪಿ, ಕಂದಾಯ ಮತ್ತು ವಂತಿಗೆಯಿಂದ ಡಾಕ್ಟರ ಚಿಕಿತ್ಸೆಯನ್ನೂ ಆಸ್ಪತ್ರೆಯನ್ನೂ ಎಲ್ಲರಿಗೂ ಒದಗಿಸುವ ಯೋಜನೆ ಆರಂಭಿಸಿದರು. ಇಲ್ಲಿಯ ಅನುಭವವೇ ಮುಂದಿನದಕ್ಕೆಲ್ಲ ಮಾದರಿಯಾಯಿತು. 1947ರ ಜನವರಿ 1ರಿಂದ ಇಡೀ ಪ್ರಾಂತಕ್ಕೆ ಆಸ್ಪತ್ರೆ ವಿಮೆ ಬಂದಿತು. ತಲೆಗೆ ವರ್ಷಕ್ಕೆ 5 ಡಾಲರ್, ದೊಡ್ಡ ಸಂಸಾರವಾದರೂ 30 ಡಾಲರಿಗೆ ಮೀರುವಂತಿಲ್ಲ. ಉಳಿದ ಖರ್ಚು ಸರ್ಕಾರದ್ದು. ಆಸ್ಪತ್ರೆಯಲ್ಲಿ ಮಲಗಿದ್ದಕ್ಕೆ ಹೊಲ ಅಡವಿಡುವ ದಿನಗಳು ಅಲ್ಲಿಗೆ ಮುಗಿದವು.

ಆದರೆ ಆಸ್ಪತ್ರೆಯ ಹಾಸಿಗೆ ಬೇರೆ, ಡಾಕ್ಟರ ಶುಲ್ಕ ಬೇರೆ. ಎರಡನೆಯದಕ್ಕೆ ಹಣ ಸಾಲದೆ ಹತ್ತು ವರ್ಷಕ್ಕೂ ಹೆಚ್ಚು ಕಾಯಬೇಕಾಯಿತು. 1957ರಲ್ಲಿ ಕೇಂದ್ರ ಸರ್ಕಾರ ಆಸ್ಪತ್ರೆ ವಿಮೆಯ ಖರ್ಚಿನಲ್ಲಿ ಸುಮಾರು ಅರ್ಧ ಕೊಡುವ ಕಾನೂನು ಮಾಡಿತು. ಅದರಿಂದ ಪ್ರಾಂತದ ಕೈಯಲ್ಲಿ ಹಣ ಉಳಿಯಿತು. ಉಳಿದ ಹಣದಿಂದ ಡಾಕ್ಟರ ಚಿಕಿತ್ಸೆಗೂ ಎಲ್ಲರಿಗೂ ವಿಮೆ ಮಾಡುತ್ತೇವೆಂದು ಡಗ್ಲಸರು 1959ರ ಕೊನೆಯಲ್ಲಿ ಸಾರಿದರು. 1960ರ ಚುನಾವಣೆ ಇದೇ ವಿಷಯದ ಮೇಲೆ ನಡೆಯಿತು. ಡಾಕ್ಟರ ಸಂಘ ಹಣ ಕೂಡಿಸಿ ಎದುರು ಪ್ರಚಾರ ಮಾಡಿತು. ಡಗ್ಲಸರ ಪಕ್ಷವೇ ಗೆದ್ದಿತು.

ಡಾಕ್ಟರುಗಳ ವಾದವನ್ನೂ ನ್ಯಾಯವಾಗಿ ಹೇಳಬೇಕು. ಸರ್ಕಾರವೇ ಶುಲ್ಕ ಕೊಡುವ ಧಣಿಯಾದರೆ ರೋಗಿಗೂ ವೈದ್ಯನಿಗೂ ನಡುವೆ ಅಧಿಕಾರಿ ಬಂದು ಕೂರುತ್ತಾನೆ, ಯಾವ ಚಿಕಿತ್ಸೆ ಕೊಡಬೇಕೆಂದು ಅವನೇ ಹೇಳುತ್ತಾನೆ ಎಂದು ಅವರು ಅಂಜಿದರು. ಅಂಜಿಕೆ ಪೂರಾ ಸುಳ್ಳೆನ್ನಲಾಗದು. ಆದರೆ ಅವರು ಹಿಡಿದ ದಾರಿ ಕಠಿಣವಾಗಿತ್ತು. ಕಾನೂನು 1961ರ ನವೆಂಬರಿನಲ್ಲಿ ಆಯಿತು. 1962ರ ಜುಲೈ 1ರಂದು ಜಾರಿಗೆ ಬಂದ ದಿನವೇ ಪ್ರಾಂತದ ಬಹುಪಾಲು ಡಾಕ್ಟರುಗಳು ಚಿಕಿತ್ಸಾಲಯಗಳ ಬಾಗಿಲು ಹಾಕಿದರು. ತುರ್ತು ಚಿಕಿತ್ಸೆಗೆ ಕೆಲವು ಆಸ್ಪತ್ರೆಗಳು ಮಾತ್ರ ಇದ್ದವು. ಮನೆಯಲ್ಲಿ ಬಸುರಿಯೋ ಎಳೆಮಗುವೋ ಇದ್ದ ಒಕ್ಕಲಿಗನ ಎದೆ ಹೇಗೆ ಹೊಡೆದುಕೊಂಡಿರಬೇಕೆಂದು ನೀವೇ ನೆನೆಯಿರಿ. ಹಳ್ಳಿಯವರಲ್ಲಿಯೇ ಒಂದು ಪಾಲು ಜನ ಡಾಕ್ಟರುಗಳ ಪರವಾಗಿ ರಾಜಧಾನಿಗೆ ಮೆರವಣಿಗೆ ಹೋದರು; ಇನ್ನೊಂದು ಪಾಲು ಜನ ತಾವೇ ಹಣ ಹಾಕಿ ಸಹಕಾರಿ ಚಿಕಿತ್ಸಾಲಯ ತೆರೆದರು. ಸರ್ಕಾರ ಬ್ರಿಟನ್ನಿನಿಂದ ಡಾಕ್ಟರುಗಳನ್ನು ಕರೆಸಿತು. ಕೊನೆಗೆ ಲಾರ್ಡ್ ಟೇಲರ್ ಎಂಬ ಬ್ರಿಟಿಷ್ ವೈದ್ಯರು ಮಧ್ಯಸ್ಥಿಕೆ ಮಾಡಿ ಜುಲೈ 23ರಂದು ಸಸ್ಕಟೂನ್ ನಗರದಲ್ಲಿ ರಾಜಿ ಮಾಡಿಸಿದರು. ಡಾಕ್ಟರು ಸರ್ಕಾರದ ಸಂಬಳಗಾರರಾಗಲಿಲ್ಲ, ಮಾಡಿದ ಚಿಕಿತ್ಸೆಗೆ ತಕ್ಕ ಶುಲ್ಕ ಪಡೆದರು. ವಿಮೆ ಮಾತ್ರ ಎಲ್ಲರಿಗೂ ಉಳಿಯಿತು.

ಈ 23 ದಿನಗಳು ನಡೆದಾಗ ಡಗ್ಲಸರು ಮುಖ್ಯಮಂತ್ರಿಯಾಗಿರಲಿಲ್ಲ. 1961ರಲ್ಲಿ ಅವರು ದೇಶಮಟ್ಟದ ಹೊಸ ಪಕ್ಷವೊಂದರ ನಾಯಕರಾಗಿ ಹೊರಟರು, ವುಡ್ರೋ ಲಾಯ್ಡ್ ಎಂಬುವರು ಅವರ ಸ್ಥಾನಕ್ಕೆ ಬಂದು ಮುಷ್ಕರದ ಬಿಸಿಯನ್ನೆಲ್ಲ ತಡೆದರು. ಚರಿತ್ರೆಯ ಪುಸ್ತಕಗಳಲ್ಲಿ ಲಾಯ್ಡರಿಗೆ ಸಿಗುವ ಜಾಗ ಕಡಿಮೆಯೆಂದೇ ನಮ್ಮ ಎಣಿಕೆ. ಖಾಲಿಯಾದ ವೇಬರ್ನ್ ಕ್ಷೇತ್ರಕ್ಕೆ 1961ರ ಡಿಸೆಂಬರಿನಲ್ಲಿ ಉಪಚುನಾವಣೆ ನಡೆದಾಗ ಏನಾಯಿತು ಗೊತ್ತೆ? ಡಗ್ಲಸರು 17 ವರ್ಷ ಉಳಿಸಿಕೊಂಡಿದ್ದ ಕ್ಷೇತ್ರ ಎದುರು ಪಕ್ಷಕ್ಕೆ ಹೋಯಿತು, ಲಿಬರಲ್ ಪಕ್ಷದ ಜೂನಿಯರ್ ಸ್ಟೇವ್ಲಿ ಗೆದ್ದರು. 1964ರ ಸಾರ್ವತ್ರಿಕ ಚುನಾವಣೆಯಲ್ಲಿ ಮತ್ತೂ ವಿಚಿತ್ರ: ಪ್ರಾಂತದಲ್ಲೆಲ್ಲ ಲಾಯ್ಡರ ಪಕ್ಷ ಸೋತು ಸರ್ಕಾರ ಬಿದ್ದಿತು, ವೇಬರ್ನ್ ಮಾತ್ರ ಆ ಪಕ್ಷಕ್ಕೆ ಮರಳಿತು. ಗೆದ್ದವರು ಆಬರ್ನ್ ಪೆಪ್ಪರ್, 1982ರವರೆಗೆ ಇದ್ದರು. ಹೊಸದಾಗಿ ಬಂದ ಲಿಬರಲ್ ಸರ್ಕಾರವಾದರೂ ವಿಮೆಯನ್ನು ತೆಗೆಯಲಿಲ್ಲ. ಜನಕ್ಕೆ ಒಮ್ಮೆ ಒಗ್ಗಿದ ಮೇಲೆ ಅದನ್ನು ಮುಟ್ಟುವ ಧೈರ್ಯ ಯಾರಿಗೂ ಬರಲಿಲ್ಲ. 1966ರಲ್ಲಿ ಕೇಂದ್ರವು ಇದೇ ಮಾದರಿಯ ಕಾನೂನು ಮಾಡಿತು, 1972ರ ಹೊತ್ತಿಗೆ ಕೆನಡದ ಎಲ್ಲ ಪ್ರಾಂತಗಳೂ ಅದರೊಳಗೆ ಬಂದಿದ್ದವು.

ಜನ ಕರಗಿದರು, ಗೆರೆ ಸರಿಯಿತು

ಈಗ ಕ್ಷೇತ್ರ ಅಳಿದ ಮಾತಿಗೆ ಬರೋಣ. 1936ರಲ್ಲಿ ಸಸ್ಕಾಚೆವನ್‌ನಲ್ಲಿ ಸುಮಾರು 1,42,000 ಒಕ್ಕಲುಗಳಿದ್ದವು. 2016ರ ಗಣತಿಗೆ ಅವು 34,500ಕ್ಕೆ ಇಳಿದಿದ್ದವು. ಭೂಮಿ ಕಡಿಮೆಯಾಗಲಿಲ್ಲ, ಒಬ್ಬೊಬ್ಬನ ಹಿಡುವಳಿ ದೊಡ್ಡದಾಯಿತು. ಟ್ರ್ಯಾಕ್ಟರು, ಕೊಯ್ಲುಯಂತ್ರ ಬಂದ ಮೇಲೆ ಹತ್ತು ಮನೆಯ ಕೆಲಸವನ್ನು ಒಂದು ಮನೆ ಮಾಡತೊಡಗಿತು. ಉಳಿದ ಒಂಬತ್ತು ಮನೆಯವರು ಪೇಟೆಗೆ ಹೋದರು. ಸಣ್ಣ ರೈಲುದಾರಿಗಳು ಮುಚ್ಚಿದವು, ಹಳ್ಳಿಯ ಧಾನ್ಯ ಉಗ್ರಾಣಗಳು ಕೆಡವಲ್ಪಟ್ಟವು. ವೇಬರ್ನ್ ಸೀಮೆಯ ಒಕ್ಕಲಿಗರು ಸುಮ್ಮನಿರದೆ 1976ರಲ್ಲಿ ತಮ್ಮದೇ ಬಂಡವಾಳದಿಂದ ದೊಡ್ಡ ಧಾನ್ಯ ಸಾಗಣೆ ಕೇಂದ್ರವನ್ನು ಕಟ್ಟಿದರು. ಆದರೆ ಹೋದ ಜನ ಹಿಂದಿರುಗಲಿಲ್ಲ.

ಹಳ್ಳಿಯಲ್ಲಿ ಜನ ಕಡಿಮೆಯಾದರೆ ಹಳ್ಳಿಯ ಶಾಸಕರೂ ಕಡಿಮೆಯಾಗಬೇಕೆ? ಈ ಪ್ರಶ್ನೆಯೇ ಬಿಕ್ಕಟ್ಟಿನ ಬೇರು. 1980ರ ದಶಕದಲ್ಲಿ ಗ್ರಾಂಟ್ ಡಿವೈನ್ ಎಂಬುವರ ಕನ್ಸರ್ವೆಟಿವ್ ಸರ್ಕಾರವಿತ್ತು. ವೇಬರ್ನ್ ಕೂಡ 1982ರಲ್ಲಿ ಆ ಪಕ್ಷದ ಲಾರ್ನ್ ಹೆಪ್‌ವರ್ತ್ ಅವರನ್ನು ಆರಿಸಿತು. ಇವರು ವೃತ್ತಿಯಿಂದ ಪಶುವೈದ್ಯರು; ಕೃಷಿ, ಶಿಕ್ಷಣ, ಹಣಕಾಸು ಖಾತೆಗಳನ್ನು ನೋಡಿಕೊಂಡರು. ಆ ಸರ್ಕಾರದ ಕಾನೂನು 66 ಸ್ಥಾನಗಳಲ್ಲಿ 29 ಪೇಟೆಗೆ, 35 ಗ್ರಾಮಾಂತರಕ್ಕೆ, 2 ಉತ್ತರದ ಕಾಡುಸೀಮೆಗೆ ಎಂದು ಮೊದಲೇ ಹಂಚಿಟ್ಟಿತು. ಕ್ಷೇತ್ರದ ಮತದಾರರ ಸಂಖ್ಯೆ ಸರಾಸರಿಗಿಂತ ನೂರಕ್ಕೆ 25ರಷ್ಟು ಹೆಚ್ಚುಕಡಿಮೆ ಇರಬಹುದೆಂದಿತು. ಇದರಿಂದ ಪೇಟೆಯವನ ಮತಕ್ಕಿಂತ ಹಳ್ಳಿಯವನ ಮತದ ತೂಕ ಹೆಚ್ಚಾಯಿತು. ಪೇಟೆಯವರು ತಕರಾರೆತ್ತಿದರು. ಪ್ರಾಂತದ ಮೇಲ್ಮನವಿ ನ್ಯಾಯಾಲಯ ಅವರ ಮಾತನ್ನು ಒಪ್ಪಿತು. ಮೊಕದ್ದಮೆ ಕೆನಡದ ಸುಪ್ರೀಂ ಕೋರ್ಟಿಗೆ ಹೋಗಿ 1991ರ ಜೂನ್‌ನಲ್ಲಿ ತೀರ್ಪು ತಿರುಗಿತು. ಬಹುಮತದ ನ್ಯಾಯಾಧೀಶರು ಹೇಳಿದ್ದರ ತಾತ್ಪರ್ಯವಿಷ್ಟು: ಮತದ ಹಕ್ಕೆಂದರೆ ತಲೆಲೆಕ್ಕದ ತಕ್ಕಡಿ ಮಾತ್ರವಲ್ಲ, ಜನರಿಗೆ ಪರಿಣಾಮಕಾರಿಯಾದ ಪ್ರಾತಿನಿಧ್ಯ ಸಿಗಬೇಕು. ಸಮಸಂಖ್ಯೆ ಮುಖ್ಯ, ಆದರೂ ದೂರ, ಭೂಗೋಳ, ಸಮುದಾಯದ ಹಿತ ಇವನ್ನೂ ನೋಡಬಹುದು. ಆದಕಾರಣ ಆ ಗೆರೆಗಳು ಕಾನೂನುಬದ್ಧ.

ನ್ಯಾಯಾಲಯ ಒಪ್ಪಿದ್ದನ್ನು ಮತದಾರರು ಒಪ್ಪಬೇಕೆಂದಿಲ್ಲ. ಅದೇ ಗೆರೆಗಳ ಮೇಲೆ 1991ರ ಅಕ್ಟೋಬರಿನಲ್ಲಿ ನಡೆದ ಚುನಾವಣೆಯಲ್ಲಿ ಡಿವೈನರ ಸರ್ಕಾರ ಸೋತಿತು. ಡಗ್ಲಸರ ಪಕ್ಷದ ಉತ್ತರಾಧಿಕಾರಿಯಾದ ನವ ಪ್ರಜಾಸತ್ತಾತ್ಮಕ ಪಕ್ಷ ರಾಯ್ ರೋಮನೋ ಅವರ ನಾಯಕತ್ವದಲ್ಲಿ ಬಂದಿತು. ವೇಬರ್ನ್ ಕೂಡ ಆ ಪಕ್ಷದ ರಾನ್ ವೀನ್ಸ್ ಅವರನ್ನು ಆರಿಸಿತು. ಹೊಸ ಸರ್ಕಾರಕ್ಕೆ ಸಿಕ್ಕಿದ್ದು ಸಾಲದಲ್ಲಿ ಮುಳುಗಿದ ಬೊಕ್ಕಸ. ಖರ್ಚು ಕಡಿಮೆ ಮಾಡಲು 1993ರಲ್ಲಿ 52 ಸಣ್ಣ ಗ್ರಾಮಾಂತರ ಆಸ್ಪತ್ರೆಗಳಲ್ಲಿ ಒಳರೋಗಿಗಳ ಚಿಕಿತ್ಸೆಯನ್ನು ನಿಲ್ಲಿಸಿ ಅವನ್ನು ಬರಿಯ ಆರೋಗ್ಯ ಕೇಂದ್ರಗಳಾಗಿ ಮಾಡಿತು. ಹಳ್ಳಿಗೆ ಆಸ್ಪತ್ರೆ ವಿಮೆ ತಂದ ಪಕ್ಷದ ಕೈಯಿಂದಲೇ ಇದು ಆಯಿತಲ್ಲ ಎಂದು ಹಳ್ಳಿಯವರು ಮರುಗಿದರು; ಅನೇಕರು ಅದನ್ನು ಬಹುಕಾಲ ಮರೆಯಲಿಲ್ಲ. ಲೆಕ್ಕಪತ್ರದ ದೃಷ್ಟಿಯಿಂದ ಸರ್ಕಾರದ್ದು ಸರಿಯಿದ್ದಿರಬಹುದು. ಹಿಮಗಾಳಿಯಲ್ಲಿ ರೋಗಿಯನ್ನು ಕೂರಿಸಿಕೊಂಡು ಇನ್ನಷ್ಟು ದೂರ ಹೋಗಬೇಕಾದವನ ದೃಷ್ಟಿ ಬೇರೆ.

ಇದೇ ಮಿತವ್ಯಯದ ಮಾತಿನಲ್ಲಿ ಶಾಸಕರ ಸಂಖ್ಯೆಯನ್ನೂ 66ರಿಂದ 58ಕ್ಕೆ ಇಳಿಸಿದರು. ದಕ್ಷಿಣದ ಕ್ಷೇತ್ರಗಳು ಸರಾಸರಿಗಿಂತ ನೂರಕ್ಕೆ 5ಕ್ಕಿಂತ ಹೆಚ್ಚು ಏರಿಳಿಯಬಾರದೆಂದು ಬಿಗಿ ಮಾಡಿದರು. 25 ಎಲ್ಲಿ, 5 ಎಲ್ಲಿ? ಜನ ತೆಳುವಾದ ಕಡೆ ಗೆರೆಯನ್ನು ಹಿಗ್ಗಿಸದೆ ಬೇರೆ ದಾರಿ ಉಳಿಯಲಿಲ್ಲ. ವೇಬರ್ನ್ ಕ್ಷೇತ್ರವನ್ನು ಪಶ್ಚಿಮದ ಬೆಂಗಾಫ್–ಮೈಲ್‌ಸ್ಟೋನ್ ಕ್ಷೇತ್ರದೊಡನೆ ಬೆರಸಿ ವೇಬರ್ನ್–ಬಿಗ್ ಮಡ್ಡಿ ಎಂಬ ಹೊಸ ಕ್ಷೇತ್ರ ಮಾಡಿದರು. 1995ರ ಚುನಾವಣೆ ಹೊಸ ಹೆಸರಿನಲ್ಲಿ ನಡೆಯಿತು. 1908ರಲ್ಲಿ ಹುಟ್ಟಿದ ವೇಬರ್ನ್ ಕ್ಷೇತ್ರ ಹೀಗೆ 87ನೆಯ ವರ್ಷದಲ್ಲಿ ಮುಗಿಯಿತು.

ಮುಗಿಯಿತೆಂದರೆ ಆ ಜನರ ಮತ ಹೋಯಿತೆಂದಲ್ಲ. ಮೊದಲು ಇಬ್ಬರು ಶಾಸಕರು ಸುತ್ತುತ್ತಿದ್ದ ಸೀಮೆಯನ್ನು ಈಗ ಒಬ್ಬರು ಸುತ್ತಬೇಕು. ತಮ್ಮ ಊರ ರಸ್ತೆಯ ದೂರನ್ನು ಹೇಳಲು ಒಕ್ಕಲಿಗನು ಮುಂಚಿಗಿಂತ ಹೆಚ್ಚು ಕಾಯಬೇಕಾಗಬಹುದು. ಪೇಟೆಯವನು ಕೇಳುವುದೂ ನ್ಯಾಯವೇ: ನನ್ನ ಮತ ಅವನ ಮತಕ್ಕಿಂತ ಹಗುರವೇಕೆ? ಈ ಎರಡು ಮಾತುಗಳ ಜಗಳ ನಮ್ಮಲ್ಲಿಯೂ ಇದೆ. 2008ರಲ್ಲಿ ನಮ್ಮ 224 ಸ್ಥಾನಗಳ ಒಟ್ಟು ಬದಲಾಗಲಿಲ್ಲ, ಆದರೆ ಬೆಂಗಳೂರು ನಗರದ ಪಾಲು 28ಕ್ಕೆ ಏರಿತು. ಅಷ್ಟು ಸ್ಥಾನ ಬೇರೆ ಕಡೆಯಿಂದಲೇ ಹೋಗಬೇಕಷ್ಟೆ. ಎಲ್ಲೆ ಹಾಕುವ ಆಯೋಗ ಕರಡು ಪ್ರಕಟಿಸಿ ಆಕ್ಷೇಪಣೆಗಳನ್ನು ಕೇಳುತ್ತದೆ, ಬಹಿರಂಗ ಸಭೆಯನ್ನೂ ನಡೆಸುತ್ತದೆ. ಇಂಥ ಪ್ರಕಟಣೆ ಹೊರಟಾಗ ಪಂಚಾಯಿತಿಯ ಮೂಲಕವೋ ನೀವಾಗಿಯೋ ಬರೆದು ಕಳಿಸುವ ಹಕ್ಕು ನಿಮಗಿದೆ. ಗೆರೆ ಬಿದ್ದ ಮೇಲೆ ಅದನ್ನು ನ್ಯಾಯಾಲಯದಲ್ಲಿ ಅಲುಗಿಸುವುದು ಬಹಳ ಕಷ್ಟ.

ವೇಬರ್ನ್–ಬಿಗ್ ಮಡ್ಡಿಯೂ ಉಳಿಯಲಿಲ್ಲ. 2024ರ ಚುನಾವಣೆಗೆ ಗೆರೆಗಳನ್ನು ಮತ್ತೆ ತಿದ್ದಿ ವೇಬರ್ನ್–ಬೆಂಗಾಫ್ ಎಂದು ಹೆಸರಿಟ್ಟರು. ಡಗ್ಲಸರು 1986ರಲ್ಲಿ ತೀರಿಕೊಂಡರು. 2004ರಲ್ಲಿ ಕೆನಡದ ರಾಷ್ಟ್ರೀಯ ಪ್ರಸಾರ ಸಂಸ್ಥೆ ದೇಶದ ಅತಿ ಶ್ರೇಷ್ಠ ವ್ಯಕ್ತಿ ಯಾರೆಂದು ಜನರ ಮತ ಕೇಳಿದಾಗ ಮೊದಲು ನಿಂತ ಹೆಸರು ಅವರದು. 2010ರಲ್ಲಿ ವೇಬರ್ನ್‌ನಲ್ಲಿ ಅವರ ಕಂಚಿನ ಪ್ರತಿಮೆ ನಿಲ್ಲಿಸಿದರು. ಅವರು ಬೋಧಿಸುತ್ತಿದ್ದ ಹಳೆಯ ಚರ್ಚಿನ ಕಟ್ಟಡ ಈಗ ಊರವರ ನಾಟಕಶಾಲೆಯಾಗಿದೆ.